ಗಾಳಿ ನುಂಗುವ ಯಂತ್ರ

ತಗಡೂರು ಖಾದಿಗೆ ಹೆಸರಾದ ಊರು. ತಗಡೂರು ರಾಮಚಂದ್ರರಾಯರ ಹೆಸರಿನೊಡನೆ ಬೆಸೆದುಹೋದ ಆ ಊರಿಗೆ ಹೋಗಿ ಚರಕದ ಮಾತೆತ್ತದೆ ಮೋಟಾರಿನ ಮಾತೆತ್ತುವುದನ್ನು ಹಿರಿಯರು ಮನ್ನಿಸಬೇಕು. ಕಳೆದ ಸುಗ್ಗಿಯಲ್ಲಿ ನಾನು ಅಲ್ಲಿ ಕಂಡದ್ದು, ರಸ್ತೆಯ ಮಗ್ಗುಲಿನ ತಗಡಿನ ಮಾಡಿನ ಕೆಳಗೆ ಗೋಣಿತಾಟಿನ ಮೇಲೆ ಅಂಗಾಂಗವಾಗಿ ಬಿಚ್ಚಿಟ್ಟಿದ್ದ ಒಂದು ಹಳೆಯ ಜಾವಾ ಮೋಟಾರ್ ಸೈಕಲ್ಲಿನ ಎಂಜಿನ್ನು. ಮೆಕ್ಯಾನಿಕ್ಕರು ಹ್ಯಾಕ್ಸಾ ಬ್ಲೇಡಿನ ತುಂಡೊಂದನ್ನು ಹಿಡಿದು, ಪಿಸ್ಟನ್ನಿನ ನೆತ್ತಿಗೆ ಕಟ್ಟಿದ ಕಾರ್ಬನ್ನನ್ನು ಸೀದ ಪಾತ್ರೆಯ ತಳ ಕೆರೆಯುವವರಂತೆ ನಿಧಾನವಾಗಿ ಕೆರೆಯುತ್ತಿದ್ದರು. ಪಕ್ಕದಲ್ಲಿ ಅವರ ಮಗ ಮೊಬೈಲಿನ ಪುಟ್ಟ ತೆರೆಯ ಮೇಲೆ ಫಾರ್ಮುಲಾ ಒನ್ ಕಾರುಗಳ ಓಟದಲ್ಲಿ ಮೈಮರೆತಿದ್ದನು. ಅಪ್ಪನ ಕೈಯಲ್ಲಿದ್ದ ಪಿಸ್ಟನ್ನಿಗೂ ಮಗನ ಕೈಯಲ್ಲಿ ಕಿರಲುತ್ತಿದ್ದ ಯಂತ್ರಕ್ಕೂ ನಡುವಣ ದೂರವೆಷ್ಟು ಎಂದು ಲೆಕ್ಕ ಹಾಕುತ್ತ ಕುಳಿತುದರ ಫಲವೇ ಈ ಲೇಖನ.

ಜಾವಾ ನಮ್ಮ ನೆರೆಯ ಯಂತ್ರವೇ. ಮೈಸೂರಿನ ಯಾದವಗಿರಿಯ ಐಡಿಯಲ್ ಜಾವಾ ಕಾರ್ಖಾನೆಯು 1961ರಿಂದ ಇವನ್ನು ಚೆಕೊಸ್ಲೊವಾಕಿಯದ ಮಾದರಿಯಂತೆ ತಯಾರಿಸಿ, ಮುಂದೆ ಯೆಜ್ಡಿಯೆಂಬ ಹೆಸರಿನಿಂದ ಹೊರತಂದು, 1996ರಲ್ಲಿ ಬಾಗಿಲು ಮುಚ್ಚಿತು. ಒಂದೇ ಸಿಲಿಂಡರು, ಅದರ ವ್ಯಾಸ 65 ಮಿಲಿಮೀಟರ್, ಪಿಸ್ಟನ್ನು ಏರಿಳಿಯುವ ದೂರ 75 ಮಿಲಿಮೀಟರ್, ಒಟ್ಟು ಗಾತ್ರ ಕಾಲು ಲೀಟರಿಗೆ ತುಸು ಕಡಿಮೆ. ಇದಕ್ಕೆ ಕವಾಟಗಳೇ ಇಲ್ಲ. ಸಿಲಿಂಡರಿನ ಗೋಡೆಯಲ್ಲಿ ಕೊರೆದ ಕಿಂಡಿಗಳನ್ನು ಪಿಸ್ಟನ್ನೇ ತನ್ನ ಮೈಯಿಂದ ಮುಚ್ಚುತ್ತ ತೆರೆಯುತ್ತ, ಪ್ರತಿಯೊಂದು ಸುತ್ತಿಗೂ ಒಮ್ಮೆ ಉಸಿರೆಳೆದು ಒಮ್ಮೆ ಉರಿಸುತ್ತದೆ. ನಿಮಿಷಕ್ಕೆ 4750 ಸುತ್ತಿನಲ್ಲಿ ಹನ್ನೆರಡು ಅಶ್ವಶಕ್ತಿ. ಅಷ್ಟರಿಂದಲೇ ಅದು ಇಬ್ಬರನ್ನೂ ಒಂದು ಮೂಟೆ ರಾಗಿಯನ್ನೂ ಹೊತ್ತು ಕೆರೆ ಏರಿಯನ್ನು ದಾಟುತ್ತಿತ್ತು.

ಎಂಜಿನ್ನಿನ ಶಕ್ತಿಯು ಪೆಟ್ರೋಲಿನಿಂದ ಬರುವುದೆಂದು ನಾವೆಲ್ಲ ತಿಳಿದಿದ್ದೇವೆ. ಮಾತು ಸುಳ್ಳಲ್ಲ, ಆದರೆ ಅಪೂರ್ಣ. ಒಲೆಯೊಳಗೆ ಸೌದೆಯನ್ನು ಎಷ್ಟು ತುರುಕಿದರೂ ಗಾಳಿಯಾಡದಿದ್ದರೆ ಹೊಗೆಯೇ ಹೊರತು ಉರಿಯಿಲ್ಲ. ಒಂದು ಗ್ರಾಂ ಪೆಟ್ರೋಲು ಪೂರ್ಣವಾಗಿ ಉರಿಯಲು ಹದಿನಾಲ್ಕು ಗ್ರಾಮಿಗೂ ಮಿಗಿಲಾದ ಗಾಳಿ ಬೇಕು. ಪೆಟ್ರೋಲನ್ನು ಒಳಗೆ ಸುರಿಯುವುದು ಸುಲಭ, ಗಾಳಿಯನ್ನು ತುಂಬುವುದೇ ಕಷ್ಟ. ಆದುದರಿಂದ ಓಟದ ಕಾರಿನ ಎಂಜಿನ್ನಿನ ಇತಿಹಾಸವೆಂದರೆ ಬಹುಮಟ್ಟಿಗೆ ಉಸಿರಾಟದ ಇತಿಹಾಸ. ಹೆಚ್ಚು ಗಾಳಿಯನ್ನು ನುಂಗಲು ಮಾರ್ಗಗಳು ಮೂರು: ಪಾತ್ರೆಯನ್ನು ಹಿಗ್ಗಿಸುವುದು, ಉಸಿರನ್ನು ಬೇಗಬೇಗ ಎಳೆಯುವುದು, ಇಲ್ಲವೆ ನಮ್ಮ ಅಡುಗೆಮನೆಯ ಊದುಗೊಳವೆಯಂತೆ ಹೊರಗಿನಿಂದ ಬಲವಂತವಾಗಿ ಊದುವುದು. ನಿಯಮ ಮಾಡುವವರು ಒಂದು ಬಾಗಿಲನ್ನು ಮುಚ್ಚಿದಾಗಲೆಲ್ಲ ಯಂತ್ರಶಿಲ್ಪಿಗಳು ಇನ್ನೊಂದನ್ನು ತಟ್ಟಿದರು.

1950ರಲ್ಲಿ ಫಾರ್ಮುಲಾ ಒನ್ನಿನ ವಿಶ್ವಸ್ಪರ್ಧೆಯು ಆರಂಭವಾದಾಗ, ಊದುಗೊಳವೆಯುಳ್ಳ ಎಂಜಿನ್ನಿಗೆ ಒಂದೂವರೆ ಲೀಟರು, ಇಲ್ಲದುದಕ್ಕೆ ನಾಲ್ಕೂವರೆ ಲೀಟರು ಎಂಬ ಕಟ್ಟಳೆಯಿತ್ತು. ಇಟಲಿಯ ಆಲ್ಫಾ ರೋಮಿಯೋ ಮೊದಲನೆಯ ದಾರಿಯನ್ನು ಹಿಡಿದು, ಸಾಲಾಗಿ ನಿಂತ ಎಂಟು ಸಿಲಿಂಡರುಗಳೊಳಕ್ಕೆ ಗಾಳಿಯನ್ನು ಒತ್ತಿ ತುಂಬಿ, ಮರುವರ್ಷಕ್ಕೆ ನಾನೂರಕ್ಕೂ ಮಿಕ್ಕಿದ ಅಶ್ವಶಕ್ತಿಯನ್ನು ಪಡೆಯಿತು. ಒತ್ತಡದಿಂದ ಕಾದ ಆ ಗಾಳಿಯನ್ನು ತಣಿಸುವುದಕ್ಕೆಂದೇ ಮೆಥನಾಲ್ ಬೆರೆತ ಇಂಧನವನ್ನು ಧಾರಾಳವಾಗಿ ಸುರಿಯಬೇಕಾಗಿದ್ದುದರಿಂದ ಆ ಕಾರು ಲೀಟರಿಗೆ ಅರ್ಧ ಕಿಲೋಮೀಟರಿನಷ್ಟೇ ಓಡುತ್ತಿತ್ತು. 1951ರ ಜುಲೈ 14ರಂದು ಇಂಗ್ಲೆಂಡಿನ ಸಿಲ್ವರ್‌ಸ್ಟೋನಿನಲ್ಲಿ, ಊದುಗೊಳವೆಯ ಗೊಡವೆಯಿಲ್ಲದ ದೊಡ್ಡ ಹೊಟ್ಟೆಯ ಫೆರಾರಿಯೊಂದನ್ನು ಓಡಿಸಿದ ಗೊನ್ಸಾಲೆಸ್ ಆ ದೈತ್ಯನನ್ನು ಸೋಲಿಸಿದನು. ಹೊಟ್ಟೆ ದೊಡ್ಡದಾದರೂ ಹಸಿವು ಚಿಕ್ಕದು.

1967ರ ಜೂನ್ 4ರಂದು ನೆದರ್‌ಲ್ಯಾಂಡ್ಸಿನ ಝಾಂಡ್‌ವೋರ್ಟಿನಲ್ಲಿ ಮೊದಲ ಬಾರಿಗೆ ಓಡಿ, ಜಿಮ್ ಕ್ಲಾರ್ಕನ ಕೈಯಲ್ಲಿ ಆ ದಿನವೇ ಗೆದ್ದ ಕಾಸ್‌ವರ್ತ್ ಡಿಎಫ್‌ವಿ ಎಂಜಿನ್ನಿನ ಮುಂದೆ ನಾನು ತುಸು ಹೊತ್ತು ನಿಲ್ಲಬಯಸುತ್ತೇನೆ. ಫೋರ್ಡ್ ಕಂಪನಿಯ ಒಂದು ಲಕ್ಷ ಪೌಂಡಿನ ಹಣದಿಂದ ಕೀತ್ ಡಕ್‌ವರ್ತ್ ಇದನ್ನು ರಚಿಸಿದನು. ಮೂರು ಲೀಟರು, ಎಂಟು ಸಿಲಿಂಡರು, ಪ್ರತಿಯೊಂದಕ್ಕೂ ನಾಲ್ಕು ಕವಾಟ. ಎರಡು ದೊಡ್ಡ ಬಾಗಿಲುಗಳಿಗಿಂತ ನಾಲ್ಕು ಸಣ್ಣ ಬಾಗಿಲುಗಳು ಲೇಸೆಂಬುದು ಹಳೆಯ ಅರಿವೇ. ಡಕ್‌ವರ್ತನ ಜಾಣ್ಮೆಯು, ಆ ಕವಾಟಗಳ ನಡುವಣ ಕೋನವನ್ನು 32 ಡಿಗ್ರಿಗೆ ಇಳಿಸಿ, ಉರಿಯುವ ಕೋಣೆಯನ್ನು ತಟ್ಟೆಯಂತೆ ಚಪ್ಪಟೆಯಾಗಿಸಿ, ಬೆಂಕಿಯು ಮೂಲೆಮೂಲೆಗೂ ಬೇಗ ಹರಡುವಂತೆ ಮಾಡಿದುದರಲ್ಲಿದೆ. ಅಷ್ಟೇ ಅಲ್ಲದೆ, ಕಾರಿನ ಚೌಕಟ್ಟು ಚಾಲಕನ ಬೆನ್ನ ಹಿಂದೆಯೇ ಮುಗಿದುಹೋಗಿ, ಹಿಂಗಾಲಿಗಳ ಭಾರವನ್ನೆಲ್ಲ ಎಂಜಿನ್ನೇ ತನ್ನ ಮೈಮೇಲೆ ಹೊತ್ತುಕೊಂಡಿತು. ಯಂತ್ರವೇ ಮನೆಯ ಕಂಬವಾಯಿತು. 1983ರ ವರೆಗೆ ಅದು 155 ಓಟಗಳನ್ನು ಗೆದ್ದಿತು.

ಇಷ್ಟರಲ್ಲಿ ಫ್ರಾನ್ಸಿನ ರೆನೊ ಕಂಪನಿಯು, ಯಾರೂ ಬಳಸದೆ ಬಿಟ್ಟಿದ್ದ ಊದುಗೊಳವೆಯ ಬಾಗಿಲನ್ನು 1977ರಲ್ಲಿ ತಟ್ಟಿತು. ಆಲ್ಫಾದ ಊದುಗೊಳವೆಯನ್ನು ತಿರುಗಿಸಲು ಎಂಜಿನ್ನಿನ ಬಲವೇ ವ್ಯಯವಾಗುತ್ತಿತ್ತು. ಇಲ್ಲಿಯಾದರೋ ಹೊರಗೆ ಎಸೆಯುವ ಬಿಸಿಹೊಗೆಯೇ ಒಂದು ಚಿಕ್ಕ ಚಕ್ರವನ್ನು ತಿರುಗಿಸಿ, ಅದೇ ಅಚ್ಚಿನ ಇನ್ನೊಂದು ತುದಿಯ ಚಕ್ರವು ಗಾಳಿಯನ್ನು ಒಳಕ್ಕೆ ಒತ್ತುತ್ತಿತ್ತು. ಇದೇ ಟರ್ಬೊ. ಮೊದಮೊದಲು ಆ ಹಳದಿ ಕಾರು ಹೊಗೆಯುಗುಳುತ್ತ ನಿಲ್ಲುತ್ತಿದ್ದುದನ್ನು ಕಂಡು ಇಂಗ್ಲಿಷರು ಅದನ್ನು ಚಹಾದ ಕೆಟಲಿಗೆ ಹೋಲಿಸಿ ನಕ್ಕರು. 1979ರಲ್ಲಿ ಅದು ಫ್ರಾನ್ಸಿನಲ್ಲಿಯೇ ಗೆದ್ದಿತು. ನಕ್ಕವರೂ ಕೆಲವೇ ವರ್ಷಗಳಲ್ಲಿ ಟರ್ಬೊ ಕಟ್ಟಿಕೊಂಡರು. ಸಾಧಾರಣ ಕಾರಿನ ಎಂಜಿನ್ನಿನ ಎರಕದಿಂದ ಬೆಳೆದ ಬಿಎಂಡಬ್ಲ್ಯೂ ಕಂಪನಿಯ ಒಂದೂವರೆ ಲೀಟರಿನ ನಾಲ್ಕು ಸಿಲಿಂಡರಿನ ಯಂತ್ರವು 1983ರಲ್ಲಿ ಚಾಲಕ ಪಿಕೆಗೆ ವಿಶ್ವಪದವಿಯನ್ನು ತಂದಿತು. ಮೂರು ವರ್ಷಗಳ ತರುವಾಯ, ಕೆಲವು ಸುತ್ತುಗಳ ಅರ್ಹತಾ ಓಟಕ್ಕೆಂದೇ ಕಟ್ಟಿದ ಅದರ ರೂಪವು 1300 ಅಶ್ವಶಕ್ತಿಯನ್ನು ಮೀರಿತ್ತೆಂದು ಬಲ್ಲವರು ಅಂದಾಜಿಸಿದರು. ಈ ಉನ್ಮಾದಕ್ಕೆ ಹೆದರಿದ ಅಧಿಕಾರಿಗಳು 1989ರಿಂದ ಟರ್ಬೊವನ್ನು ನಿಷೇಧಿಸಿದರು.

ಉಳಿದುದು ಒಂದೇ ದಾರಿ: ಬೇಗಬೇಗ ಉಸಿರಾಡುವುದು. ಅದಕ್ಕೆ ಅಡ್ಡವಾದುದು ಕವಾಟವನ್ನು ಮುಚ್ಚುವ ಉಕ್ಕಿನ ಸ್ಪ್ರಿಂಗು. ನಿಮಿಷಕ್ಕೆ 18,000 ಸುತ್ತುವ ಎಂಜಿನ್ನಿನಲ್ಲಿ ಪ್ರತಿಯೊಂದು ಕವಾಟವೂ ಸೆಕೆಂಡಿಗೆ 150 ಬಾರಿ ತೆರೆದು ಮುಚ್ಚಬೇಕು. ಅಷ್ಟು ಹೊತ್ತಿಗೆ ಸ್ಪ್ರಿಂಗು ತನ್ನಷ್ಟಕ್ಕೆ ತಾನೇ ಅದುರತೊಡಗಿ ಕವಾಟವನ್ನು ಗಾಳಿಯಲ್ಲಿಯೇ ಬಿಟ್ಟುಬಿಡುತ್ತದೆ, ಏರಿಬರುವ ಪಿಸ್ಟನ್ನು ಅದಕ್ಕೆ ಬಡಿದು ಎಲ್ಲವೂ ಪುಡಿಯಾಗುತ್ತದೆ. ರೆನೊ 1986ರಲ್ಲಿಯೇ ಸ್ಪ್ರಿಂಗನ್ನು ಕಿತ್ತುಹಾಕಿ, ಪುಟ್ಟ ಸಂಪುಟದಲ್ಲಿ ಅದುಮಿಟ್ಟ ನೈಟ್ರೊಜನ್ ಅನಿಲದಿಂದ ಆ ಕೆಲಸವನ್ನು ಮಾಡಿಸಿತ್ತು. ಅನಿಲಕ್ಕೆ ತೂಕವೆಲ್ಲಿ, ಅದುರುವಿಕೆಯೆಲ್ಲಿ? ಎರಡನೆಯ ಉಪಾಯ ಪಿಸ್ಟನ್ನಿನ ಪಯಣವನ್ನೇ ಮೊಟಕುಗೊಳಿಸುವುದು. 2013ರ ವರೆಗೆ ಓಡಿದ 2.4 ಲೀಟರಿನ ಎಂಟು ಸಿಲಿಂಡರಿನ ಎಂಜಿನ್ನಿನಲ್ಲಿ ಸಿಲಿಂಡರಿನ ಅಗಲ 98 ಮಿಲಿಮೀಟರಿಗೆ ಮೀರಬಾರದೆಂದಿತ್ತು. ಆ ಅಗಲಕ್ಕೆ ಏರಿಳಿತ ಬರುವುದು 40 ಮಿಲಿಮೀಟರಿಗೂ ಕಡಿಮೆ. ನಮ್ಮ ಜಾವಾದ ನಾಲ್ಕು ಮಡಿ ಸುತ್ತು ಸುತ್ತಿದರೂ ಪಿಸ್ಟನ್ನಿನ ಸರಾಸರಿ ವೇಗ ಜಾವಾದ ಎರಡರಷ್ಟೇ: ಅಲ್ಲಿ ಸೆಕೆಂಡಿಗೆ ಸುಮಾರು 12 ಮೀಟರು, ಇಲ್ಲಿ 24. ಹಾಗೆಂದು ಅದಕ್ಕೆ ವಿಶ್ರಾಂತಿಯೆಂದು ತಿಳಿಯಬಾರದು. ತುದಿಯಲ್ಲಿ ಹಿಂತಿರುಗುವ ಕ್ಷಣದಲ್ಲಿ ಪಿಸ್ಟನ್ನಿಗೆ ಭೂಮಿಯ ಸೆಳೆತದ ಎಂಟು ಸಾವಿರ ಮಡಿಗೂ ಹೆಚ್ಚಿನ ಎಳೆತ. ಕಾಲು ಕಿಲೋ ತೂಗುವ ವಸ್ತುವೊಂದು ಆ ಗಳಿಗೆಯಲ್ಲಿ ಗಾಡಿ ತುಂಬ ಕಬ್ಬಿನಷ್ಟು ಭಾರವಾಗಿ ಜಗ್ಗುತ್ತದೆ. ಆ ಎಂಜಿನ್ನು ಸೆಕೆಂಡಿಗೆ 360 ಲೀಟರ್ ಗಾಳಿಯನ್ನು ನುಂಗುತ್ತಿತ್ತು, ಜಾವಾ ಹೆಚ್ಚೆಂದರೆ ಇಪ್ಪತ್ತು ಲೀಟರು.

2014ರಲ್ಲಿ ನಿಯಮಕಾರರು ಗಾಳಿಯನ್ನು ಬಿಟ್ಟು ಇಂಧನದ ಕುತ್ತಿಗೆಯನ್ನೇ ಹಿಡಿದರು: ಗಂಟೆಗೆ ನೂರು ಕಿಲೋಗ್ರಾಮಿಗಿಂತ ಹೆಚ್ಚು ಹರಿಯಕೂಡದು. ಅಂದರೆ ಸೆಕೆಂಡಿಗೆ 28 ಗ್ರಾಂ, ಕೂಸಿಗೆ ಹಾಲೆರೆಯುವ ಒಂದು ಒಳಲೆಯಷ್ಟು. ಇನ್ನು ಗೆಲ್ಲಬೇಕಾದರೆ ಉರಿದುದನ್ನು ವ್ಯರ್ಥಗೊಳಿಸದಿರುವುದೊಂದೇ ಉಪಾಯ. ಟರ್ಬೊ ಮರಳಿ ಬಂದಿತು, ಅದರ ಅಚ್ಚಿಗೆ ಒಂದು ವಿದ್ಯುತ್ ಯಂತ್ರವನ್ನೂ ಜೋಡಿಸಿದರು. ಅದು ಹೊಗೆಯ ಬಿಸುಪಿನಿಂದ ವಿದ್ಯುತ್ತನ್ನು ಹೆಕ್ಕಿಕೊಡುತ್ತಿತ್ತು, ಚಾಲಕನು ಬ್ರೇಕಿನಿಂದ ಕಾಲೆತ್ತಿ ವೇಗವನ್ನು ಬಯಸಿದಾಗ ಟರ್ಬೊವನ್ನು ತಾನೇ ತಿರುಗಿಸಿ ಕಾಯುವ ಹೊತ್ತನ್ನು ಅಳಿಸಿಹಾಕುತ್ತಿತ್ತು. ಚರಕದ ದೊಡ್ಡ ಚಕ್ರ ಒಮ್ಮೆ ಸುತ್ತಿದರೆ ಕದಿರು ಹಲವು ಸುತ್ತು ಸುತ್ತುವುದನ್ನು ತಗಡೂರಿನವರಿಗೆ ನಾನು ಹೇಳಿಕೊಡಬೇಕಿಲ್ಲ. ಟರ್ಬೊ ಎಂಬ ಈ ಕದಿರಿಗೆ ವಿಧಿಸಿದ್ದ ಮಿತಿ ನಿಮಿಷಕ್ಕೆ 1,25,000 ಸುತ್ತು. 2017ರಲ್ಲಿ ಮರ್ಸಿಡಿಸ್ ಕಂಪನಿಯು ಪರೀಕ್ಷಾಶಾಲೆಯಲ್ಲಿ ಇಂಧನದ ಉಷ್ಣದ ಅರ್ಧಕ್ಕಿಂತ ಹೆಚ್ಚು ಭಾಗವನ್ನು ಕೆಲಸವಾಗಿಸಿತು. ಟರ್ಬೊವಿನ ಅಚ್ಚಿನ ಆ ವಿದ್ಯುತ್ ಯಂತ್ರವನ್ನು ತೀರ ದುಬಾರಿ, ತೀರ ಜಟಿಲವೆಂದು 2026ರ ನಿಯಮವು ಕೈಬಿಟ್ಟು, ಚಕ್ರಗಳಿಗೆ ಬಲ ಕೊಡುವ ವಿದ್ಯುತ್ ಮೋಟಾರನ್ನು 120 ಕಿಲೋವಾಟಿನಿಂದ 350ಕ್ಕೆ ಹಿಗ್ಗಿಸಿದೆ. ಲೆಕ್ಕ ಸರಿಯಿರಬಹುದು, ನನಗೇನೋ ಮನಸ್ಸು ಒಪ್ಪದು.

ಶಬ್ದದ ಮಾತೊಂದು ಉಳಿಯಿತು. 2014ರಲ್ಲಿ ಆರು ಸಿಲಿಂಡರಿನ ಹೊಸ ಎಂಜಿನ್ನು ಬಂದಾಗ ಓಟದ ಇಂಪೇ ಹೋಯಿತೆಂದು ರಸಿಕರು ಗೋಳಾಡಿದರು. ಎಂಟು ಸಿಲಿಂಡರು 18,000 ಸುತ್ತಿನಲ್ಲಿ ಸೆಕೆಂಡಿಗೆ 1200 ಬಾರಿ ಸಿಡಿಯುತ್ತವೆ, ಆರು ಸಿಲಿಂಡರು 12,000ದಲ್ಲಿ 600 ಬಾರಿ; ಅದು ಸರಿಯಾಗಿ ಒಂದು ಸ್ಥಾಯಿ ಕೆಳಗಿನ ಷಡ್ಜ. ಗಾಯಕನು ತಾರಸ್ಥಾಯಿಯಿಂದ ಮಧ್ಯಕ್ಕೆ ಇಳಿದಂತಾಯಿತೇ ಹೊರತು ಶ್ರುತಿ ತಪ್ಪಲಿಲ್ಲ. ಜಾವಾ ಪೂರ್ಣ ವೇಗದಲ್ಲಿ ಸಿಡಿಯುವುದು 79 ಬಾರಿ, ಎಂದರೆ ತಂಬೂರಿಯ ಮಂದ್ರದ ತಂತಿಯ ಆಸುಪಾಸು.

ಇದನ್ನೆಲ್ಲ ಕೇಳಿದ ಮೆಕ್ಯಾನಿಕ್ಕರು ಪಿಸ್ಟನ್ನನ್ನು ಚಿಂದಿಬಟ್ಟೆಯಿಂದ ಒರೆಸಿ ಬೆಳಕಿಗೆ ಹಿಡಿದು ನೋಡುತ್ತ, “ಅದ್ಸರಿ ಸಾ, ಅದು ಎಷ್ಟ್ ಸಾವ್ರ ಕಿಲೋಮೀಟ್ರು ಓಡ್ತದ?” ಎಂದರು. ಒಬ್ಬ ಚಾಲಕನಿಗೆ ವರ್ಷಕ್ಕೆ ನಾಲ್ಕು ಎಂಜಿನ್ನು, ಒಂದೊಂದೂ ಹೆಚ್ಚೆಂದರೆ ಕೆಲವೇ ಸಾವಿರ ಕಿಲೋಮೀಟರ್ ಬಾಳುವುದೆಂದೆನು. “ಅಷ್ಟೇಯ?” ಎಂದು ಅವರು ಮಗನ ಕಡೆಗೊಮ್ಮೆ ನೋಡಿ ನಕ್ಕು, ರಿಂಗುಗಳ ಹೊಸ ಪೊಟ್ಟಣವನ್ನು ಬಿಚ್ಚಿದರು.