ನಮ್ಮ ರಾಜಧಾನಿ ಯಾವುದು ತಾತಾ?

ಮೊನ್ನೆ ಸಂಜೆ ಹೊಲದಿಂದ ಬಂದು ಕೈಕಾಲು ತೊಳೆದು ಕಟ್ಟೆಯ ಮೇಲೆ ಕೂತಿದ್ದೆ. ಐದನೇ ಕ್ಲಾಸಿನ ಮೊಮ್ಮಗಳು ಪರೀಕ್ಷೆ ಪೇಪರು ತಂದು ಮುಖದ ಮುಂದೆ ಹಿಡಿದಳು. ದಕ್ಷಿಣ ಭಾರತದ ಐದು ರಾಜ್ಯಗಳಿಗೆ ರಾಜಧಾನಿ ಬರೆಯಬೇಕಿತ್ತು. ಐದಕ್ಕೆ ಮೂರು ಅಂಕ. ಆಂಧ್ರಪ್ರದೇಶದ ಮುಂದೆ ಹೈದರಾಬಾದು ಎಂದು ಬರೆದು, ತೆಲಂಗಾಣದ ಮುಂದೆ ಜಾಗ ಖಾಲಿ ಬಿಟ್ಟಿದ್ದಳು.

"ನಿನ್ನ ಮ್ಯಾಪು ನೋಡೇ ಕಲ್ತಿದ್ದು ತಾತಾ. ಅದ್ರಾಗೆ ತೆಲಂಗಾಣನೇ ಇಲ್ಲ!"

ತಪ್ಪು ನನ್ನದೇ. ಪಡಸಾಲೆಯ ಗೋಡೆಗೆ ತೂಗುಹಾಕಿರುವ ಆ ನಕ್ಷೆಯನ್ನು 1998ರಲ್ಲಿ ಶೇಂಗಾ ಮಾರಲು ಬಳ್ಳಾರಿಗೆ ಹೋದಾಗ ಇವಳ ಅಪ್ಪನಿಗೆಂದು ತಂದದ್ದು. ಅದರಲ್ಲಿ ಛತ್ತೀಸಗಢವೂ ಇಲ್ಲ, ಜಾರ್ಖಂಡವೂ ಇಲ್ಲ. ಗೆದ್ದಲು ಹಿಡಿದಿಲ್ಲ ಎಂಬ ಒಂದೇ ಕಾರಣಕ್ಕೆ ಗೋಡೆ ಮೇಲೆ ಉಳಿದಿದೆ.

ನಮ್ಮ ರಾಯದುರ್ಗ ಸೀಮೆಯವರಿಗೆ ಈ ಪಾಠ ಎಂದೂ ಸಲೀಸಾಗಿರಲಿಲ್ಲ. ನಮ್ಮಪ್ಪ ಒಂದನೇ ಕ್ಲಾಸಿಗೆ ಸೇರಿದಾಗ ನಮ್ಮದು ಬಳ್ಳಾರಿ ಜಿಲ್ಲೆ, ರಾಜಧಾನಿ ಮದ್ರಾಸು. 1952ರ ಡಿಸೆಂಬರಿನಲ್ಲಿ ಪೊಟ್ಟಿ ಶ್ರೀರಾಮುಲು ಉಪವಾಸದಲ್ಲಿ ಪ್ರಾಣ ಬಿಟ್ಟರು. 1953ರ ಅಕ್ಟೋಬರ್ 1ಕ್ಕೆ ಆಂಧ್ರ ರಾಜ್ಯ ಹುಟ್ಟಿತು. ಅಂದೇ ಬಳ್ಳಾರಿ ಮೈಸೂರು ರಾಜ್ಯಕ್ಕೆ ಹೋಯಿತು, ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಉಳಿದವು. ನಮಗೆ ಕರ್ನೂಲು ರಾಜಧಾನಿ ಆಯಿತು. ಕಟ್ಟಡ ಸಾಲದೆ ಅಲ್ಲಿ ಗುಡಾರ ಹಾಕಿ ಸರ್ಕಾರಿ ಕಚೇರಿ ನಡೆಸಿದರು. ಅಪ್ಪ ಅದನ್ನು ಬಾಯಿಪಾಠ ಮಾಡಿ ಮುಗಿಸುವುದರೊಳಗೆ 1956ರ ನವೆಂಬರ್ 1 ಬಂತು, ರಾಜಧಾನಿ ಹೈದರಾಬಾದಿಗೆ ಹೋಯಿತು. ಇಸ್ಕೂಲು ಬಿಡುವ ಮುಂಚೆ ಮೂರು ರಾಜಧಾನಿ ಕಲಿತವನು ಅವನು. "ಸಂತೆ ಮಾತ್ರ ಬಳ್ಳಾರಿನೇ" ಎಂದು ನಗುತ್ತಿದ್ದ.

ನನ್ನ ಕಾಲದಲ್ಲಿ ಹೈದರಾಬಾದು ಗಟ್ಟಿಯಾಗಿ ನಿಂತಿತ್ತು. ತೆಲುಗು ಮೇಷ್ಟರು ಕೇಳಲಿ, ಕನ್ನಡ ಮೇಷ್ಟರು ಕೇಳಲಿ, ಅದೇ ಉತ್ತರ. ಹೆಸರುಗಳಷ್ಟೇ ಬದಲಾದವು. ಟ್ರಿವೇಂಡ್ರಂ 1991ರಲ್ಲಿ ತಿರುವನಂತಪುರ ಆಯಿತು, ಮದ್ರಾಸು 1996ರಲ್ಲಿ ಚೆನ್ನೈ. 2014ರ ನವೆಂಬರ್ 1ರಿಂದ ಇಂಗ್ಲಿಷಿನವರೂ ಬೆಂಗಳೂರು ಎನ್ನಬೇಕಾಯಿತು. ನಮ್ಮ ಸೊಸೆ ಚಳ್ಳಕೆರೆ ಕಡೆಯವಳು, "ನಮ್ಮೋರು ಮೊದ್ಲಿಂದ ಅಂಗೇ ಅಂತಿದ್ರು ಮಾವ" ಎಂದಳು. ಸರಿಯೇ.

ಕೆಟ್ಟದ್ದು 2014ರಿಂದ. ಆ ವರ್ಷದ ಜೂನ್ 2ಕ್ಕೆ ತೆಲಂಗಾಣ ಬೇರೆಯಾಯಿತು. ಹತ್ತು ವರ್ಷ ಮೀರದಂತೆ ಹೈದರಾಬಾದು ಇಬ್ಬರಿಗೂ ಜಂಟಿ ರಾಜಧಾನಿ ಎಂದು ಕಾನೂನು ಬರೆದರು. ಅಣ್ಣತಮ್ಮಂದಿರು ಪಾಲಾದ ಮೇಲೂ ಒಂದೇ ಬಾವಿಯಲ್ಲಿ ನೀರು ಸೇದುವ ಹಾಗೆ. 2015ರ ಅಕ್ಟೋಬರ್ 22ಕ್ಕೆ ಕೃಷ್ಣಾ ದಂಡೆಯಲ್ಲಿ ಅಮರಾವತಿಗೆ ಶಂಕುಸ್ಥಾಪನೆ ಆಯಿತು. ಅಲ್ಲಿನ ರೈತರು ಮೂವತ್ತು ಸಾವಿರ ಎಕರೆಗೂ ಹೆಚ್ಚು ಭೂಮಿ ಕೊಟ್ಟರು. ಮಳೆ ನಂಬಿ ಬದುಕುವ ನಮ್ಮಂಥವರಿಗೆ ಅಂಥ ನೀರಾವರಿ ಭೂಮಿ ಕೈಬಿಡುವುದು ಎಂದರೆ ಕೇಳಿಯೇ ಎದೆ ಝಲ್ಲೆನ್ನುತ್ತದೆ. 2019ರ ಡಿಸೆಂಬರಿನಲ್ಲಿ ಮೂರು ರಾಜಧಾನಿಯ ಮಾತು ಬಂತು: ಶಾಸನಸಭೆ ಅಮರಾವತಿಗೆ, ಆಡಳಿತ ವಿಶಾಖಪಟ್ಟಣಕ್ಕೆ, ಹೈಕೋರ್ಟು ಕರ್ನೂಲಿಗೆ. 2020ರಲ್ಲಿ ಕಾನೂನಾಯಿತು, 2021ರ ನವೆಂಬರಿನಲ್ಲಿ ವಾಪಸಾಯಿತು. 2022ರ ಮಾರ್ಚ್ 3ಕ್ಕೆ ಹೈಕೋರ್ಟು ಅಮರಾವತಿಯನ್ನೇ ಕಟ್ಟಿರಿ ಎಂದಿತು. 2024ರಲ್ಲಿ ಸರ್ಕಾರ ಬದಲಾಗಿ, 2025ರ ಮೇ 2ಕ್ಕೆ ನಿಂತ ಕೆಲಸ ಮತ್ತೆ ಶುರುವಾಯಿತು.

ದೊಡ್ಡವರ ಜಗಳ ದೊಡ್ಡವರಿಗಿರಲಿ. ನಮ್ಮದು ಒಂದು ಕೇಸಿದೆ, ನಾಲ್ಕು ಎಕರೆ ಹೊಲದ್ದು. ಅದು ಹೈಕೋರ್ಟಿಗೆ ಹೋದಾಗ ಕೋರ್ಟು ಹೈದರಾಬಾದಿನಲ್ಲಿತ್ತು. 2019ರ ಜನವರಿ 1ಕ್ಕೆ ಆಂಧ್ರದ ಹೈಕೋರ್ಟು ಬೇರೆಯಾಗಿ ಅಮರಾವತಿಗೆ ಬಂತು, ಹಿಂದೆಯೇ ನಮ್ಮ ಕಾಗದಗಳೂ ಗಂಟು ಕಟ್ಟಿಕೊಂಡು ಹೊರಟವು. ಹಳೆ ವಕೀಲರು ಹೈದರಾಬಾದಿನಲ್ಲೇ ಉಳಿದರು. ಹೊಸಬರನ್ನು ಹುಡುಕಿ ಫೀಜು ಕೊಟ್ಟು ಮೊದಲಿಂದ ಕಥೆ ಹೇಳಿದ್ದಾಯಿತು. ಕರ್ನೂಲಿಗೆ ಹೈಕೋರ್ಟು ಬರುತ್ತದೆ ಅಂದಾಗ, ಸುಳ್ಳೇಕೆ ಹೇಳಲಿ, ಒಳಗೊಳಗೇ ಖುಷಿಪಟ್ಟಿದ್ದೆ. ಬೆಳಿಗ್ಗೆ ಬುತ್ತಿ ಕಟ್ಟಿಕೊಂಡು ಹೋಗಿ ರಾತ್ರಿಗೆ ಊರು ಸೇರಬಹುದಿತ್ತು. ಅದೂ ಆಗಲಿಲ್ಲ. ಈಗ ತಮ್ಮ ಗುಂತಕಲ್ಲಿಗೆ ಹೋಗಿ ರಾತ್ರಿ ರೈಲು ಹಿಡಿಯುತ್ತಾನೆ. ನಾನಿನ್ನೂ ಆ ಊರು ಕಂಡಿಲ್ಲ.

ಇದನ್ನೆಲ್ಲ ಮಗುವಿಗೆ ಹೇಳಿದರೆ ಇರುವ ಮೂರು ಅಂಕವೂ ಹೋದೀತು. ಅವಳ ಗೊಂದಲವೇ ಬೇರೆ. "ಕೇರಳದ ಹೈಕೋರ್ಟು ಕೊಚ್ಚಿನಾಗೆ ಐತೆ ಅಂತ ಮೇಷ್ಟ್ರು ಅಂದ್ರು. ಮತ್ತೆ ರಾಜಧಾನಿ ತಿರುವನಂತಪುರ ಯಾಕೆ?" ಸರ್ಕಾರ ಕೂರುವ ಊರು ರಾಜಧಾನಿ, ಕೋರ್ಟು ಬೇರೆ ಕಡೆ ಇರಬಹುದು ಎಂದೆ. "ಅಮರಾವತಿ ಮಹಾರಾಷ್ಟ್ರದಾಗೆ ಐತಲ್ಲ?" ಎಂದು ನನ್ನ ನಕ್ಷೆಯಲ್ಲೇ ಬೆರಳಿಟ್ಟು ತೋರಿಸಿದಳು. ಅದು ವಿದರ್ಭದ ಅಮರಾವತಿ, ನಮ್ಮದು ಗುಂಟೂರು ಜಿಲ್ಲೆಯದು, ಹತ್ತಿರದಲ್ಲಿ ಹಳೆಯ ಬೌದ್ಧ ಸ್ತೂಪದ ಅಮರಾವತಿ ಇದೆ, ಹೆಸರು ಅಲ್ಲಿಂದ ಬಂದದ್ದು ಎಂದು ಬಿಡಿಸಿ ಹೇಳಿದೆ. ನಕ್ಷೆಯಲ್ಲಿ ಹೊಸ ಊರಿನ ಜಾಗಕ್ಕೆ ಪೆನ್ನಿನಿಂದ ಚುಕ್ಕೆ ಇಟ್ಟೆ. ತೆಲಂಗಾಣದ ಗಡಿಯನ್ನು ಅವಳೇ ಪುಸ್ತಕ ನೋಡಿ ಕೆಂಪು ಪೆನ್ಸಿಲಿನಲ್ಲಿ ಎಳೆದಳು.

ಪದ್ಯ ಕಟ್ಟುವ ಚಟ ನನಗಿದೆ, ತೆಲುಗಿನಲ್ಲೂ ಕನ್ನಡದಲ್ಲೂ. ಮಕ್ಕಳಿಗೆ ಪಟ್ಟಿಗಿಂತ ಪ್ರಾಸ ಬೇಗ ಹತ್ತುತ್ತದೆ. ಅಲ್ಲೇ ಕೂತು ಹೇಳಿದೆ:

ಕನ್ನಡದವರಿಗೆ ಬೆಂಗಳೂರು,
ತಮಿಳರಿಗೆಲ್ಲ ಚೆನ್ನೈ ಊರು,
ಹೈದರಾಬಾದು ತೆಲಂಗಾಣದ್ದು,
ತಿರುವನಂತಪುರ ಕೇರಳದ್ದು.

ಎರಡು ಸಲಕ್ಕೆ ಒಪ್ಪಿಸಿದಳು. ಐದನೆಯದಕ್ಕೆ ಬಂದಾಗ ನಾನೇ ಸಿಕ್ಕಿಬಿದ್ದೆ. 'ಆಂಧ್ರದವರಿಗೆ ಅಮರಾವತಿ' ಎಂದರೆ ಸಾಲು ಒಂಟಿ, ಜೊತೆಗೆ ಇನ್ನೊಂದು ರಾಜ್ಯ ಇಲ್ಲ. ವತಿ, ಗತಿ, ಮಿತಿ ಎಂದು ಹುಡುಕುತ್ತ ಎಲೆಯಡಿಕೆ ಹಾಕಿಕೊಂಡೆ. ಅಷ್ಟರಲ್ಲಿ ಅವಳೇ ಕುಣಿಯುತ್ತ ಕೂಡಿಸಿಬಿಟ್ಟಳು:

"ಆಂಧ್ರದವರಿಗೆ ಅಮರಾವತಿ,
ತಾತಾ ಅಲ್ಲಿಗೆ ಯಾವಾಗ ಹೋಗ್ತಿ?"

ಒಳಗಿಂದ ಸೊಸೆ ನಕ್ಕದ್ದು ಕೇಳಿಸಿತು. ಮುಂದಿನ ವಾಯ್ದೆ ಯಾವತ್ತು ಎಂದು ತಮ್ಮನನ್ನು ಕೇಳಬೇಕು ಅಂದೆ.