ಕೈಬಿಡಲೊಲ್ಲದ ಬಾಣ

ಬಿಲ್ಲಿನಿಂದ ಹೊರಟ ಬಾಣವು ಗುರಿ ತಪ್ಪುವುದುಂಟು. ಆದರೆ ಬಾಣವು ಕೈಯನ್ನು ಬಿಟ್ಟು ಹೊರಡಲೇ ಒಲ್ಲದಿದ್ದರೆ? ಇಂಥದೊಂದು ವಿಚಿತ್ರ ಸಂಕಟವು ಇಂಗ್ಲೆಂಡಿನ ಪ್ರಸಿದ್ಧ ಡಾರ್ಟ್ಸ್ ಆಟಗಾರನಾದ ಎರಿಕ್ ಬ್ರಿಸ್ಟೋನನ್ನು ಅವನ ಕೀರ್ತಿಯ ಶಿಖರದಲ್ಲಿಯೇ ಕಾಡಿತು. ಅವನ ಕಥೆಯನ್ನೂ ಅದರ ಹಿಂದಿರುವ ವಿಜ್ಞಾನವನ್ನೂ ಪರಿಶೀಲಿಸೋಣ.

ಡಾರ್ಟ್ಸ್ ಇಂಗ್ಲೆಂಡಿನ ಪಾನಗೃಹಗಳಲ್ಲಿ ಬೆಳೆದ ಆಟ. ಗೋಡೆಯ ಮೇಲಿನ ದುಂಡು ಹಲಗೆಯನ್ನು 20 ಭಾಗಗಳಾಗಿ ಹಂಚಿರುತ್ತಾರೆ. ಆಟಗಾರನು 2.37 ಮೀಟರ್ ದೂರದಲ್ಲಿ ನಿಂತು, ಸರದಿಗೆ ಮೂರರಂತೆ ಕಿರುಬಾಣಗಳನ್ನು ಎಸೆಯುತ್ತಾನೆ. 501ರಿಂದ ಅಂಕಗಳನ್ನು ಕಳೆಯುತ್ತ ಸರಿಯಾಗಿ ಸೊನ್ನೆಯನ್ನು ಮುಟ್ಟಬೇಕು. ಒಂದೇ ಬಾಣಕ್ಕೆ ದೊರೆಯಬಹುದಾದ ಅತ್ಯಧಿಕ ಅಂಕ 60. ಅದು ದೊರೆಯುವ ಮುಮ್ಮಡಿ ವಲಯದ ಅಗಲವಾದರೋ ಸುಮಾರು 8 ಮಿಲಿಮೀಟರ್ ಮಾತ್ರ!

ಇದರ ಕಾಠಿಣ್ಯವನ್ನು ಸರಳ ಲೆಕ್ಕದಿಂದ ತಿಳಿಯಬಹುದು. ಬಾಣವನ್ನು ಸೆಕೆಂಡಿಗೆ 6 ಮೀಟರ್ ವೇಗದಿಂದ ನೆಲಕ್ಕೆ ಸಮಾಂತರವಾಗಿ ಎಸೆದೆವೆಂದು ಭಾವಿಸೋಣ. 2.37 ಮೀಟರ್ ಸಾಗಲು ಅದಕ್ಕೆ 0.4 ಸೆಕೆಂಡಿಗಿಂತ ತುಸು ಕಡಮೆ ಕಾಲ ಬೇಕು. ಅಷ್ಟರಲ್ಲಿ ಗುರುತ್ವಾಕರ್ಷಣೆಯು ಅದನ್ನು ಸುಮಾರು 76 ಸೆಂಟಿಮೀಟರ್ ಕೆಳಕ್ಕೆಳೆಯುತ್ತದೆ. ವೇಗವು ನೂರರಲ್ಲಿ ಒಂದಂಶ ಕುಗ್ಗಿದರೂ ಬಾಣವು ಇನ್ನೂ ಒಂದೂವರೆ ಸೆಂಟಿಮೀಟರಿನಷ್ಟು ಕೆಳಗಿಳಿಯುತ್ತದೆ. ಎಂದರೆ ಆ ವಲಯದ ಅಗಲದ ಸುಮಾರು ಎರಡರಷ್ಟು!

1957ರಲ್ಲಿ ಲಂಡನ್ನಿನಲ್ಲಿ ಜನಿಸಿದ ಬ್ರಿಸ್ಟೋನಿಗೆ ಈ ನಿಖರತೆಯು ಸಹಜವೆಂಬಂತೆ ಸಿದ್ಧಿಸಿತ್ತು. ಕಿರುಬೆರಳನ್ನು ಎತ್ತಿ ಹಿಡಿದು ಎಸೆಯುವುದು ಅವನ ವೈಶಿಷ್ಟ್ಯ. 1980ರಲ್ಲಿ, ತನ್ನ 22ನೆಯ ವಯಸ್ಸಿನಲ್ಲಿ, ಅವನು ವಿಶ್ವವಿಜೇತನಾದನು. 1981, 1984, 1985 ಮತ್ತು 1986ರಲ್ಲಿಯೂ ಆ ಪ್ರಶಸ್ತಿ ಅವನದಾಯಿತು.

ಅನಂತರ ಹೆಚ್ಚು ಕಾಲ ಕಳೆಯುವ ಮೊದಲೇ ಸಂಕಟವು ತಲೆದೋರಿತು. ತೋಳು ಮುಂದಕ್ಕೆ ಬಂದರೂ ಬೆರಳುಗಳು ಬಾಣವನ್ನು ಬಿಡಲೊಲ್ಲವು! ಆಟಗಾರರು ಇದನ್ನು 'ಡಾರ್ಟೈಟಿಸ್' ಎಂದು ಕರೆಯುತ್ತಾರೆ.

ಇದಕ್ಕೆ ಕಾರಣವೇನು? ನಾವು ಸೈಕಲ್ಲನ್ನು ಕಲಿಯುವಾಗ ಪ್ರತಿಯೊಂದು ಚಲನೆಯನ್ನೂ ಯೋಚಿಸಿ ಮಾಡುತ್ತೇವೆ. ಕಲಿತ ಮೇಲೆ ಯೋಚನೆಯ ಅಗತ್ಯವೇ ಇಲ್ಲ. ಸೋಲಿನ ಭಯದಿಂದ ಮನಸ್ಸು ಮತ್ತೆ ಪ್ರತಿ ಚಲನೆಯನ್ನೂ ಕಾಯತೊಡಗಿದರೆ ಸರಾಗವಾದ ಕ್ರಿಯೆಯು ಕದಡುತ್ತದೆ. ಇದು ಒಂದು ವಿವರಣೆ. ಇನ್ನೊಂದು ನರಮಂಡಲಕ್ಕೆ ಸಂಬಂಧಿಸಿದುದು. ಒಂದೇ ಚಲನೆಯನ್ನು ಸಾವಿರಾರು ಬಾರಿ ಮಾಡಿದ ಕೆಲವರಲ್ಲಿ ಮಿದುಳಿನ ಆಜ್ಞೆಗಳು ಕಲಸಿಹೋಗಿ, ಬೆರಳನ್ನು ಮಡಿಸುವ ಸ್ನಾಯುಗಳೂ ಚಾಚುವ ಸ್ನಾಯುಗಳೂ ಏಕಕಾಲದಲ್ಲಿ ಬಿಗಿಯುತ್ತವೆ. ಬಹಳವಾಗಿ ಬರೆಯುವವರಲ್ಲಿಯೂ ವಾದ್ಯಗಾರರಲ್ಲಿಯೂ ಇಂಥ ತೊಡಕು ಕಂಡುಬಂದಿದೆ. ಆಶ್ಚರ್ಯವೆಂದರೆ, ಅದೇ ಕೈ ಇತರ ಕೆಲಸಗಳನ್ನು ಸರಾಗವಾಗಿ ಮಾಡಬಲ್ಲದು! ಡಾರ್ಟೈಟಿಸ್‌ನಲ್ಲಿ ಈ ಎರಡು ಕಾರಣಗಳ ಪಾಲು ಎಲ್ಲರಲ್ಲಿಯೂ ಒಂದೇ ಆಗಿರಬೇಕೆಂದೇನೂ ಇಲ್ಲ.

ಬ್ರಿಸ್ಟೋ ಆಟವನ್ನು ತೊರೆಯಲಿಲ್ಲ. 1987ರಿಂದ 1991ರವರೆಗಿನ ಐದು ವರ್ಷಗಳಲ್ಲಿ ನಾಲ್ಕು ಬಾರಿ ವಿಶ್ವಸ್ಪರ್ಧೆಯ ಅಂತಿಮ ಪಂದ್ಯವನ್ನು ತಲುಪಿದನು, ನಾಲ್ಕರಲ್ಲಿಯೂ ಸೋತನು. 1990ರಲ್ಲಿ ಅವನನ್ನು 6-1ರಿಂದ ಸೋಲಿಸಿದವನು ಫಿಲ್ ಟೇಲರ್. ಪಿಂಗಾಣಿ ಕಾರ್ಖಾನೆಯ ಕೆಲಸಗಾರನಾಗಿದ್ದ ಈತನಿಗೆ 10,000 ಪೌಂಡುಗಳ ನೆರವಿತ್ತು, ಆಟವನ್ನೇ ವೃತ್ತಿಯಾಗಿಸಿಕೊಳ್ಳಲು ಹುರಿದುಂಬಿಸಿದವನು ಸ್ವತಃ ಬ್ರಿಸ್ಟೋ! ಟೇಲರ್ ಮುಂದೆ ಒಟ್ಟು 16 ಬಾರಿ ವಿಶ್ವವಿಜೇತನಾದನು.

ಬ್ರಿಸ್ಟೋ 2018ರ ಏಪ್ರಿಲ್ 5ರಂದು, 60ನೆಯ ವಯಸ್ಸಿನಲ್ಲಿ ತೀರಿಕೊಂಡನು. ಆರನೆಯ ಪ್ರಶಸ್ತಿ ಅವನಿಗೆ ದೊರೆಯಲೇ ಇಲ್ಲ. ಕಣ್ಣು ಗುರಿಯನ್ನು ಕಂಡಿದ್ದರೂ, ತೋಳಿನಲ್ಲಿ ಬಲವಿದ್ದರೂ, ಬೆರಳು ಬಿಡಬೇಕಾದ ಆ ಒಂದು ಕ್ಷಣವು ತಪ್ಪಿದರೆ ವರ್ಷಗಳ ಸಾಧನೆಯೂ ನಿಷ್ಫಲ. ಹಿಡಿಯುವುದನ್ನು ಕೂಸು ತಾನಾಗಿಯೇ ಬಲ್ಲದು. ಸರಿಯಾದ ಕ್ಷಣದಲ್ಲಿ ಬಿಡುವುದೇ ಮಿದುಳಿಗೆ ದೊಡ್ಡ ವಿದ್ಯೆ.