ಪ್ರವಾಹಕ್ಕೆ ಕಾದ ರೀಮಾ

ನಮ್ಮೂರ ಚಿತ್ರಸಮಾಜಕ್ಕೆ ಬರುವ ಹೊಸ ಹುಡುಗರಿಗೆ ನಾನು ಮೊದಲು ತೋರಿಸುವುದು ಅಸ್ಸಾಮಿ ಭಾಷೆಯ ‘ವಿಲೇಜ್ ರಾಕ್‌ಸ್ಟಾರ್ಸ್’. ಹೆಸರುಪಟ್ಟಿ ಮುಗಿಯುವ ಮುಂಚೆ ಏಳಬೇಡಿ ಎನ್ನುತ್ತೇನೆ. ಬರೆದವರು, ನಿರ್ದೇಶಿಸಿದವರು, ಕ್ಯಾಮೆರಾ ಹಿಡಿದವರು, ಸಂಕಲನ ಮಾಡಿದವರು, ದುಡ್ಡು ಹಾಕಿದವರು ಎಲ್ಲ ರೀಮಾ ದಾಸ್.

ಅಸ್ಸಾಮಿನ ಛಯಗಾಂವ್ ಕಡೆಯ ಹಳ್ಳಿಯವರು. ನಟಿಯಾಗಬೇಕೆಂದು ಮುಂಬೈ ಸೇರಿ, ಪ್ರೇಮಚಂದರ ‘ಗೋದಾನ’ದ ರಂಗರೂಪದಲ್ಲಿ ಪಾತ್ರ ಮಾಡಿದ್ದೂ ಉಂಟು. ಸಿನಿಮಾ ಶಾಲೆಯ ಮೆಟ್ಟಿಲು ಹತ್ತಿದವರಲ್ಲ. ಚಿತ್ರ ನೋಡಿ ನೋಡಿಯೇ ಕಲಿತರು. ಕೊನೆಗೆ ಒಂದು ಡಿಎಸ್‌ಎಲ್‌ಆರ್ ಹಿಡಿದು ಊರಿಗೆ ಮರಳಿ, ಅಲ್ಲಿಯ ಮಕ್ಕಳನ್ನೇ ನಟರನ್ನಾಗಿಸಿಕೊಂಡರು. ಧ್ವನಿ ಹಿಡಿದದ್ದು ಅವರ ಬಂಧು ಮಲ್ಲಿಕಾ ದಾಸ್.

ಇದನ್ನು ಬಡತನದ ಸಾಹಸವೆಂದು ಹೊಗಳುವವರಿದ್ದಾರೆ. ನನಗೆ ಆ ಹೊಗಳಿಕೆ ಸಾಲದು. ಎಲ್ಲವನ್ನೂ ತಾವೇ ಮಾಡಿದ್ದರಿಂದ ರೀಮಾ ಅವರ ಕೈಗೆ ಸಮಯ ಸಿಕ್ಕಿತು. ದೊಡ್ಡ ಯೂನಿಟ್ಟು, ದಿನದ ಬಾಟಾ, ಕಾಲ್‌ಶೀಟು ಇದ್ದ ಕಡೆ ಮಳೆಗೆ ಕಾಯುತ್ತ ಕೂತರೆ ನಿರ್ಮಾಪಕ ಮನೆಮಠ ಮಾರಬೇಕಾಗುತ್ತದೆ. ರೀಮಾ ಮೂರು ವರ್ಷಕ್ಕೂ ಮೀರಿ ಚಿತ್ರೀಕರಿಸಿದರು. ಪರದೆಯ ಮೇಲೆ ಹೊಲ ನುಂಗುವ ನೀರು ನಿಜವಾದ ಪ್ರವಾಹದ್ದು. ಧುನು ಪಾತ್ರದ ಭನಿತಾ ದಾಸ್ ನಮ್ಮ ಕಣ್ಣೆದುರೇ ಬೆಳೆಯುತ್ತಾಳೆ.

ಈ ಧುನುವಿಗೆ ಗಿಟಾರಿನ ಹುಚ್ಚು. ಕೊಳ್ಳಲು ಕಾಸಿಲ್ಲ, ಥರ್ಮೋಕೋಲ್ ಕತ್ತರಿಸಿ ಮಾಡಿಕೊಳ್ಳುತ್ತಾಳೆ. ಅಪ್ಪ ಪ್ರವಾಹದಲ್ಲಿ ಸತ್ತವನು. ಅದೇ ನೀರಿನಲ್ಲಿ ಅಮ್ಮ ಮಗಳಿಗೆ ಈಜು ಕಲಿಸುತ್ತಾಳೆ. ಅಲ್ಲಿ ಯಾರೂ ನಟಿಸುತ್ತಿದ್ದಾರೆ ಅನಿಸುವುದೇ ಇಲ್ಲ. ಕ್ಯಾಮೆರಾದ ಹಿಂದೆ ಇರುವವಳು ತಮ್ಮೂರಿನವಳೇ ಆದಾಗ ಮಕ್ಕಳಿಗೆ ಎಂಥ ಸಂಕೋಚ?

2018ರಲ್ಲಿ ಈ ಚಿತ್ರಕ್ಕೆ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿಯಾದ ಸ್ವರ್ಣಕಮಲ ಬಂತು. ಜಹ್ನು ಬರುವಾ ಅವರ ‘ಹಲಧೀಯಾ ಚರಾಯೇ ಬಾವ್‌ಧಾನ್ ಖಾಯ್’ ಆದ ಮೇಲೆ ಅಸ್ಸಾಮಿ ಚಿತ್ರವೊಂದಕ್ಕೆ ಆ ಗೌರವ ಸಿಕ್ಕಿದ್ದು ಆಗಲೇ. ಸಂಕಲನಕ್ಕೆ ರೀಮಾ, ಸ್ಥಳದ ಧ್ವನಿಗ್ರಹಣಕ್ಕೆ ಮಲ್ಲಿಕಾ, ಬಾಲನಟನೆಗೆ ಭನಿತಾ, ಮೂವರಿಗೂ ರಾಷ್ಟ್ರಪ್ರಶಸ್ತಿ. ಅದೇ ವರ್ಷ ಆಸ್ಕರ್‌ಗೆ ಭಾರತದ ಪರವಾಗಿ ಇದನ್ನು ಆರಿಸಿದ ಸಮಿತಿಗೆ ನಮ್ಮ ರಾಜೇಂದ್ರಸಿಂಗ್ ಬಾಬು ಅಧ್ಯಕ್ಷರು ಎನ್ನುವುದು ನನಗೆ ಇಂದಿಗೂ ಹೆಮ್ಮೆ.

ಒಂದು ಗೆದ್ದ ಮೇಲೆ ದೊಡ್ಡ ಬ್ಯಾನರಿಗೆ ಹಾರುವವರೇ ಹೆಚ್ಚು. ರೀಮಾ ‘ಬುಲ್‌ಬುಲ್ ಕ್ಯಾನ್ ಸಿಂಗ್’, ‘ತೋರಾಸ್ ಹಸ್ಬೆಂಡ್’ ಮಾಡಿದರು, ಎರಡೂ ಅದೇ ನೆಲದವು. ಬೆಳೆದುನಿಂತ ಭನಿತಾಳನ್ನೇ ಇಟ್ಟುಕೊಂಡು ತೆಗೆದ ‘ವಿಲೇಜ್ ರಾಕ್‌ಸ್ಟಾರ್ಸ್ 2’ ಚಿತ್ರಕ್ಕೆ 2024ರ ಬೂಸಾನ್ ಚಿತ್ರೋತ್ಸವದಲ್ಲಿ ಕಿಮ್ ಜಿಸೋಕ್ ಪ್ರಶಸ್ತಿ ಸಂದಿದೆ. ‘ರಾಕ್‌ಸ್ಟಾರ್ಸ್’ನ ಎರಡೂ ಚಿತ್ರಗಳನ್ನು ಒಂದರ ಹಿಂದೆ ಒಂದು ನೋಡಿ.